ಬಿಳಿ ಬಣ್ಣದ ಶೀಶೆ

ಆರ್ಮರಾಡ್, ಚಿತ್ರ ನಿನ್ನದು, ಬಲೂನಿನೊಳಗಿನ ಅಕ್ಷರ ನನ್ನದು,
ಇಪ್ಪತ್ತೆಂಟು ವರ್ಷ, ವಾರಕ್ಕೆ ಆರು ಪುಟ.
ರಾಚ್‌ಡೇಲಿನಿಂದ ಲಂಡನ್ನಿಗೆ ರೈಲಿನಲ್ಲಿ ಬರುತ್ತಿದ್ದವು ಹಾಳೆಗಳು,
ಒಮ್ಮೊಮ್ಮೆ ಮೂಲೆಯಲ್ಲಿ ಚಹಾದ ಉಂಗುರ.

ಮಾತಿಗೆ ನೀನು ಬಿಡುತ್ತಿದ್ದ ಜಾಗವೋ, ಬೆರಳಗಲ.
ನಿನಗೆ ಮೋಡ ಬೇಕು, ವಿಮಾನದ ಒಂದೊಂದು ಮೊಳೆಯೂ ಬೇಕು.
ಬೈದುಕೊಂಡೇ ತುರುಕಿದೆ:
ಢಮಾರ್! ಓಡಿ, ಹುಡುಗರೇ!

ಪುಟದ ಕೆಳಗೆ ಇರುವೆಯಷ್ಟು ನಿನ್ನ ಹೆಸರು.
ಅದನ್ನು ಬಿಳಿ ಬಳಿದು ಅಳಿಸುವುದೂ ನನ್ನದೇ ಕೆಲಸ,
ಸಂಪಾದಕರ ಕಟ್ಟಪ್ಪಣೆ.
ನೀನೂ ಬಿಡಲಿಲ್ಲ,
ಮುಂದಿನ ವಾರ ಮತ್ತೆ ಅದೇ ಇರುವೆ.

ಅಚ್ಚಾದ ಮೇಲೆ ಹಾಳೆಗಳನ್ನು
ಸೋರುವ ನೆಲಮಾಳಿಗೆಗೆ ಹಾಸಿದರು.
ನಿನ್ನ ಯುದ್ಧಗಳ ಮೇಲೆ ಕಾಲೊರೆಸಿ
ಊಟಕ್ಕೆ ಹೋದವರಲ್ಲಿ ನಾನೂ ಒಬ್ಬಳು.

ಕೊನೆಕೊನೆಗೆ ಗೆರೆ ನಡುಗಿತು.
ಆಕಾಶ ಬರಿದಾಗುತ್ತ ಬಂತು, ನನಗೆ ಜಾಗವೋ ಜಾಗ.
ಕಡೆಯ ಪುಟ: ಟರ್ನಿಪ್ ಹೊಲದಲ್ಲಿ ಒಬ್ಬ ಪೈಲಟ್
ಪ್ಯಾರಾಚೂಟ್ ಮಡಿಸುತ್ತಿದ್ದಾನೆ, ಹೆಂಗಸರು ಹಾಸಿಗೆ ಮಡಿಸುವ ಹಾಗೆ.
ತಲೆಯ ಮೇಲೆ ದೊಡ್ಡ ಖಾಲಿ ಬಲೂನು.
ಚೀಟಿಯಲ್ಲಿ ಇಷ್ಟೇ: ಮಿಸ್ ಪಿಕಪ್, ನಿಮಗೆ ತೋಚಿದ್ದು.

ಗುರುವಾರ ಕತ್ತಲಾಗುವವರೆಗೂ ಕೂತಿದ್ದೆ.
ಏನು ಬರೆದೆನೋ, ಈಗ ನೆನಪಿಲ್ಲ.
ಶೀಶೆಯ ಮುಚ್ಚಳ ಮಾತ್ರ ತೆಗೆಯಲಿಲ್ಲ.