ಸಣ್ಣ ಉರಿ

ಮಾವನ ಹಲ್ಲು ಕೀಳಿಸಿ ಇವತ್ತಿಗೆ ಆರು ದಿನ.
ಕಿತ್ತವನ್ನೆಲ್ಲ ಕಾಗದದಲ್ಲಿ ಕಟ್ಟಿಸಿಕೊಂಡು ಬಂದಿದ್ದಾನೆ,
ಅಂಗಿ ಜೇಬಿನಲ್ಲಿ ಸುಣ್ಣದ ಡಬ್ಬಿಯ ಜೊತೆ
ಅವೂ ಸಪ್ಪಳ ಮಾಡುತ್ತವೆ.
ಹೊಸ ಸೆಟ್ಟಿಗೆ ಇನ್ನೂ ತಿಂಗಳು ಬೇಕಂತೆ.

ಯಂಕಮ್ಮ ಹತ್ತನೆಯ ತರಗತಿಯ ಪತ್ರಿಕೆ ತಿದ್ದಲು
ಕಲಬುರಗಿಗೆ ಹೋಗಿದ್ದಾಳೆ.
ಶಕ್ತಿನಗರದ ಈ ಕ್ವಾರ್ಟರ್ಸಿನಲ್ಲಿ ಉಳಿದದ್ದು
ಹತ್ತೊಂಬತ್ತು ವರ್ಷ ಅವಳ ಮೂಲಕವೇ ಮಾತಾಡಿದ
ಇಬ್ಬರು ಗಂಡಸರು, ಒಂದು ಫ್ಯಾನು.

ಮೂರು ದಿನ ಗಂಜಿ. ಆಮೇಲೆ ಹಾಲಲ್ಲಿ ಅದ್ದಿದ ಬ್ರೆಡ್ಡು.
ನಿನ್ನೆ ಮೌಲಪ್ಪ ಗೋಡೆಗೆ ಹೇಳಿದ:
"ಹೊಳ್ಯಾಗ ಹುಟ್ಟಿದಾಂವ ನಾ.
ಹಾಲು ಕುಡದು ಸಾಯಾಂವಲ್ಲ."

ಅದಕ್ಕೇ ಪಾಳಿ ಮುಗಿಸಿ ಬರುತ್ತ
ದೇವಸೂಗೂರಿನ ದಂಡೆಯಲ್ಲಿ ಗಾಡಿ ನಿಲ್ಲಿಸಿದೆ.
ಏಪ್ರಿಲ್ಲಿನ ಕೃಷ್ಣೆ, ನೀರಿಗಿಂತ ಬಂಡೆಯೇ ಹೆಚ್ಚು.
ಮಡುವಿನಲ್ಲಿ ಸಿಕ್ಕ ಒಂದೇ ಒಂದು ಬಾಳಿ ಮೀನು,
ಮುಳ್ಳು ಕಡಿಮೆ, ಮಾಂಸ ಬಿಳಿ,
ಚೌಕಾಶಿಗೆ ಅವಳು ಒಪ್ಪಲಿಲ್ಲ.

ನನ್ನ ಕಸುಬು ಬೆಂಕಿ.
ಹಿಟ್ಟಾದ ಕಲ್ಲಿದ್ದಲು ಹಾರಿ ಹಾರಿ ಉರಿಯುವಾಗ
ಬಾಯ್ಲರಿನ ಕಿಂಡಿಗೆ ನೀಲಿ ಗಾಜು ಹಿಡಿದು ಇಣುಕುವವನು.
ಉಗಿ ಐದುನೂರಾ ನಲವತ್ತು ಡಿಗ್ರಿ,
ಹತ್ತು ಇಳಿದರೆ ಫೋನು ಬಡಿದುಕೊಳ್ಳುತ್ತದೆ.
ಆ ಕೈಗೆ ಗ್ಯಾಸಿನ ಗುಂಡಿಯನ್ನು
ಆರಿತೋ ಎನ್ನುವಲ್ಲಿಗೆ ತಂದು ನಿಲ್ಲಿಸುವುದು ಬರಲಿಲ್ಲ.
ಮೂರು ಸಲ ಆರಿಸಿದೆ.

ತುಂಡಿಗೆ ಉಪ್ಪು ಸವರಿ ಅರ್ಧ ತಾಸು,
ಬಿಟ್ಟ ನೀರನ್ನು ಹಳೆ ಸೀರೆಯ ಚೂರಿನಿಂದ ಒರೆಸಿದೆ.
ಖಾರ ಬೇಡ, ಹುಣಸೆ ಬೇಡ, ಒಸಡು ಇನ್ನೂ ಹಸಿ.
ನಾಲ್ಕು ಎಸಳು ಬೆಳ್ಳುಳ್ಳಿ.
ಮೇಲೆ, ಮುಳುಗುವಷ್ಟು ಕುಸುಬಿ ಎಣ್ಣೆ:
ಮಾನ್ವಿಯ ಗಾಣದ್ದು, ಮಾವಿನಕಾಯಿ ಉಪ್ಪಿನಕಾಯಿಗೆಂದು
ಯಂಕಮ್ಮ ಹಿಟ್ಟಿನ ಡಬ್ಬಗಳ ಹಿಂದೆ ಬಚ್ಚಿಟ್ಟದ್ದು.

ಹುರಿಯುವುದು ಎಲ್ಲರಿಗೂ ಗೊತ್ತು.
ಚೊಂಯ್ ಅನ್ನಬೇಕು, ಪಕ್ಕದ ಮನೆಗೆ ಸುದ್ದಿ ಮುಟ್ಟಬೇಕು.
ಇದು ಹಾಗಲ್ಲ. ಎಣ್ಣೆ ಬಾಯಿ ಬಿಟ್ಟರೆ ಕೆಟ್ಟಿತು.

ಗುಳ್ಳೆ ಎದ್ದಿತು.
ಎಷ್ಟು ಡಿಗ್ರಿ? ಮನೆಯಲ್ಲಿ ಮೀಟರಿಲ್ಲ,
ಕಂಟ್ರೋಲ್ ರೂಮಿಲ್ಲ.
"ಸರಿ" ಅಂದ ಬಾಗಿಲಲ್ಲಿ ನಿಂತವನು.

ಎಂಟು ವರ್ಷದಿಂದ ಹರಿಗೋಲು ಹತ್ತದ ಮನುಷ್ಯ
ಪಾತ್ರೆಯ ಮೇಲೆ ಬಾಗಿ
ಎಣ್ಣೆಯ ಮುಖ ನೋಡಿದ.
"ಇಳಸು." ಇಳಿಸಿದೆ.
"ತಡಿ." ತಡೆದೆ.
"ಈಗಿಡು.

ಸಂಜಿಮುಂದ ಗಾಳಿ ಇಲ್ಲದಾಗ
ನೀರು ಹಿಂಗ ನಡಗತದ ನೋಡು,
ಕೆಳಗ ದೊಡ್ಡದೊಂದು ತಿರುಗಲಿಕತ್ತದ ಅಂತ ತಿಳಕೋಬೇಕು.
ಗುಳ್ಳಿ ಬಂದ್ರ ಅದು ಆಮಿ.
ಆಮಿಗೆ ಯಾರು ಬಲಿ ಬೀಸತಾರ?"

ಗಾಜಿನಂತಿದ್ದ ತುಂಡು ಅಂಚಿನಿಂದ ಬೆಳ್ಳಗಾಗುತ್ತ ಬಂತು,
ಹಸಿ ಸುಣ್ಣದ ಗೋಡೆ ಒಣಗುತ್ತ ಬಂದ ಹಾಗೆ.
ಬೂದಿಕೊಳದ ಕಡೆಯ ಗಾಳಿ ಕಿಟಕಿ ಬಡಿಯಿತು.
ಮುಚ್ಚಲು ಇಬ್ಬರೂ ಹೋಗಲಿಲ್ಲ.

ಚಮಚ ತಾಗಿಸಿದರೆ ಎಸಳೆಸಳು ಬಿಟ್ಟಿತು.
ಅವನು ಹೊಗಳಲಿಲ್ಲ.
ನಾಲಿಗೆಯಿಂದ ಅಂಗುಳಕ್ಕೆ ಒತ್ತಿ, ಬಹಳ ಹೊತ್ತು,
ಯಾರದೋ ಹೆಸರು ನೆನಪು ಮಾಡಿಕೊಳ್ಳುವವನಂತೆ ಕೂತ.
ಆಮೇಲೆ ಬೆಚ್ಚಗಿನ ಎಣ್ಣೆಯಲ್ಲಿ
ಜೋಳದ ರೊಟ್ಟಿಯ ಚೂರು ಅದ್ದಿ ಮೆತ್ತಗಾಗಲು ಬಿಟ್ಟ.
ನನ್ನ ತಟ್ಟೆಯಲ್ಲೂ ಒಂದು ಚೂರು ಅದ್ದಿದ.

ಒಂಬತ್ತಕ್ಕೆ ಫೋನು. "ಏನು ಉಂಡ್ರಿ?"

ನಾನು ಅವನನ್ನು ನೋಡಿದೆ, ಅವನು ಡಬ್ಬಿಯನ್ನು.
ತಳದಲ್ಲಿ ಎರಡು ಬೆರಳು ಉಳಿದಿತ್ತು.
ಮಗಳಿಗೆ ಎಂದೂ ಸುಳ್ಳು ಹೇಳದವನು
ನನ್ನ ಕೈಯಿಂದ ಫೋನು ಕಸಿದುಕೊಂಡು
ಗಟ್ಟಿಯಾಗಿ, ಒಂದೇ ಮಾತು ಹೇಳಿದ.

ಹಲ್ಲಿಲ್ಲದ ಬಾಯಿ.
ಬಾಳಿ ಅಂದನೋ, ಬ್ಯಾಳಿ ಅಂದನೋ,
ಕಲಬುರಗಿಗೆ ಹೇಗೆ ಕೇಳಿಸಿತೋ.