ಕೇರಾಫ್

ಮೂವತ್ತೊಂದು ವರ್ಷ ಮೇನ್ ಸೀಮೆಯ ಬಡಗಣ ತುದಿಯಲ್ಲಿ
ಟಪಾಲು ಹಂಚಿದವನು ನಾನು.
‘ಸೇತುವೆ ದಾಟಿದ ಮೇಲೆ, ಕುಂಟು ನಾಯಿಯ ಮನೆ’
ಅಷ್ಟೇ ಬರೆದ ಲಕೋಟೆಯನ್ನೂ
ಡೆಲ್ಫಿಸ್ ವೆಲೆಟ್‌ನ ಆಲೂಗಡ್ಡೆ ಉಗ್ರಾಣದ ಹಿಂದೆ
ಮೊಣಕಾಲುದ್ದ ಹಿಮ ತುಳಿದು
ಮುಟ್ಟಿಸಿ ಬಂದಿದ್ದೇನೆ.
‘ಪತ್ತೆ ಇಲ್ಲ’ ಎಂಬ ಮುದ್ರೆ
ಚೀಲದ ತಳದಲ್ಲಿ ಮಸಿ ಒಣಗಿ ಬಿದ್ದಿತ್ತು.

ಈಗ, ನಿವೃತ್ತಿಯ ಮೇಲೆ, ಆಗಸ್ಟಾದ ಈ ಕಚೇರಿ.
ಕಿಟಕಿಯಿಲ್ಲದ ಕೋಣೆ, ಬಾಗಿಲಿಗೆ ಎರಡು ಬೀಗ,
ಡಾರ್ಲೀನ್ ತಂದಿಟ್ಟ, ನೀರು ಕೇಳದ ಒಂದು ಕಳ್ಳಿ ಗಿಡ.
ಇಲ್ಲಿ ನನ್ನ ಕೆಲಸ
ಮನೆಗಳನ್ನು ಅಡಗಿಸುವುದು.

ಎಲ್ಲರಿಗೂ ಒಂದೇ ವಿಳಾಸ: ಅಂಚೆಪೆಟ್ಟಿಗೆ, ಒಂದು ಸಂಖ್ಯೆ.
ಡ್ರೈವಿಂಗ್ ಲೈಸೆನ್ಸಿನಲ್ಲಿ, ಲೈಬ್ರರಿ ಕಾರ್ಡಿನಲ್ಲಿ,
ನಾಯಿಯ ಕೊರಳ ಬಿಲ್ಲೆಯಲ್ಲಿ ಕೂಡ
ಅವರ ವಾಸ ಈ ಪೆಟ್ಟಿಗೆಯೊಳಗೇ.
ಹಿಂದೆಲ್ಲ ಕಾಗದದ ಮೇಲೆ ಕೇರಾಫ್ ಎಂದು
ಮಾವನ ಹೆಸರೋ ಅಂಗಡಿಯ ಹೆಸರೋ ಇರುತ್ತಿತ್ತಲ್ಲ,
ಹಾಗೆ ಇವರು
ಕೇರಾಫ್ ಸರ್ಕಾರ.

ಬಂದ ಕಾಗದಕ್ಕೆ ಹೊಸ ಲಕೋಟೆ ತೊಡಿಸಿ
ನಿಜದ ಬೀದಿ, ನಿಜದ ಊರು ಬರೆದು
ಬರೆದ ಕೂಡಲೇ ಮರೆಯಬೇಕು.
ಮರೆವು ಬರುತ್ತಿಲ್ಲ. ಹಳೇ ಚಾಳಿ:
ಮನೆ ನಂಬರು ಕಂಡರೆ ಕಾಲು ತಾನೇ ಹೊರಡುತ್ತದೆ.
ಗೇಟು, ಮೂರು ಮೆಟ್ಟಿಲು, ಬೊಗಳು,
ಒಳಗಿನಿಂದ ಯಾರೋ ‘ಬಂದೆ’ ಅನ್ನುವ ದನಿ.
ರಾತ್ರಿ ಊಟಕ್ಕೆ ಕೂತಾಗ ಜೆನೆವೀವ್ ಕೇಳುತ್ತಾಳೆ,
ಇವತ್ತು ಯಾರಿಗೆ ಏನು ಬಂತು?
ಹಿಮ ಬಂತು, ಅನ್ನುತ್ತೇನೆ. ಎಲ್ಲರಿಗೂ.

ತಡವಾಗುತ್ತದೆ, ನಾಲ್ಕು ದಿನ, ಐದು.
ಹುಟ್ಟುಹಬ್ಬದ ಕಾರ್ಡು ಹಬ್ಬ ಕಳೆದ ಮೇಲೆ ತಲುಪುತ್ತದೆ,
ಪಾರ್ಸೆಲ್ಲು ತಲುಪುವುದೇ ಇಲ್ಲ.
ಯಾರದೋ ಅಜ್ಜಿ ಹೆಣೆದ ಕೆಂಪು ಕೈಗವಸು
ನಿಯಮದಂತೆ ಹಿಂದಕ್ಕೆ ಹೋಯಿತು.
ಕಟ್ಟಿನ ಮೇಲೆ ಚೀಟಿ ಅಂಟಿಸಿದ್ದು ನಾನೇ.

ಹೆಸರು ಹೇಳುವಂತಿಲ್ಲ; ಸಾವಿರದ ನೂರ ಎಂಬತ್ತೇಳು ಅನ್ನೋಣ.
ಒಮ್ಮೆ ಫೋನು ಮಾಡಿದ್ದಳು, ನಗುತ್ತಾ,
ಅಥವಾ ನಗುವಿನ ಪಕ್ಕದ ಮನೆಯ ಏನನ್ನೋ ಮಾಡುತ್ತಾ:
ಶಾಲೆಯಲ್ಲಿ ವಿಳಾಸ ಬಾಯಿಪಾಠ ಮಾಡಿಸಿದರಂತೆ,
ಆರು ವರ್ಷದ ಹುಡುಗ ಎದ್ದು ನಿಂತು
ಪೆಟ್ಟಿಗೆಯ ಸಂಖ್ಯೆ ಒಪ್ಪಿಸಿದನಂತೆ, ಒಂದೂ ತಪ್ಪಿಲ್ಲದೆ.
ಪೆಟ್ಟಿಗೆ ಎಷ್ಟು ದೊಡ್ಡದು ಎಂದು ಪಕ್ಕದ ಹುಡುಗಿ ಕೇಳಿದ್ದಕ್ಕೆ
‘ಅಮ್ಮನಿಗೆ ನಿದ್ದೆ ಬರುವಷ್ಟು’ ಅಂದನಂತೆ.

ಫೆಬ್ರವರಿಯಲ್ಲಿ ಅವಳಿಗೊಂದು ಲಕೋಟೆ ಬಂತು.
ಕಳಿಸಿದವರ ಹೆಸರಿಲ್ಲ. ಒತ್ತಿ ಒತ್ತಿ ಬರೆದ ಅಕ್ಷರ
ಬೆರಳಿಗೆ ಗಾಯದ ಕಲೆಯಂತೆ ತಾಗುತ್ತಿತ್ತು.
ಅಲುಗಿಸಿದೆ. ಲೋಹ. ಬೀಗದ ಕೈ.
ತೆರೆಯುವ ಹಕ್ಕಿಲ್ಲ, ತಡೆಯುವ ಹಕ್ಕಿಲ್ಲ.
ಡಾರ್ಲೀನ್ ನನ್ನ ಕೈ ನೋಡಿದಳು,
ನಾನು ಕಳ್ಳಿ ಗಿಡ ನೋಡಿದೆ.
ಸೇತುವೆ ದಾಟಿದ ಮೇಲಿನ ಆ ಮನೆ.
ಬಾಗಿಲು ಅರ್ಧ ತೆರೆದ ಹೆಂಗಸು
ಕೈಬರಹ ನೋಡಿ ಬಿಳಿಚಿಕೊಂಡದ್ದು
ಚಳಿಗೆ, ಎಂದುಕೊಂಡಿದ್ದೆ.
ಹುಡುಕಿ ಮುಟ್ಟಿಸಿದೆನಲ್ಲ ಎಂಬ ಹೆಮ್ಮೆಗೆ
ಟೊಪ್ಪಿ ಮುಟ್ಟಿ ನಮಸ್ಕರಿಸಿದ್ದೆ ಬೇರೆ.
ಮುಂದಿನ ಚಳಿಗಾಲ ಆ ಮನೆಯಲ್ಲಿ ದೀಪವಿರಲಿಲ್ಲ.
ಯಾಕೆಂದು ನಾನು ಯಾರನ್ನೂ ಕೇಳಲಿಲ್ಲ.

ಕಳಿಸಿದೆ. ಮೊದಲು ಫೋನು ಮಾಡಿ ಹೇಳಿದೆ: ಬರುತ್ತಿದೆ.
ಹನ್ನೆರಡನೆಯ ದಿನ ಮರಳಿ ಬಂತು, ಒಡೆಯದೆ.
ಅವಳ ಅಕ್ಷರ ನಾನು ಕಂಡದ್ದು ಅದೇ ಮೊದಲು,
ದುಂಡಗೆ, ಸಾಲು ಸ್ವಲ್ಪ ಮೇಲೇರುತ್ತಾ:
‘ಅಂಥವಳು ಇಲ್ಲಿ ಯಾರೂ ಇಲ್ಲ.’

ಮನೆಯ ಅಟ್ಟ ಹತ್ತಿ ಹಳೇ ಚೀಲ ಕೊಡವಿದೆ.
ಮುದ್ರೆ ಸಿಕ್ಕಿತು. ಹೊಸ ಮಸಿ ಹಾಕಿದೆ.
ಒಂದು ಸಲ ಸಾಕಿತ್ತು.
ಎರಡು ಸಲ ಒತ್ತಿದೆ.