ನಡುವಿನ ಆರು

ದ್ವಿಪದ ಅಂದರೆ ಎರಡು ಪಾದ ಅಂದುಕೊಂಡಿದ್ದೆ,
ಒಂದನ್ನು ಊರಿ ಒಂದನ್ನು ಎತ್ತಿ ನಡೆಯುವುದು.
ಕೊಟ್ರಬಸಪ್ಪ ಮೇಷ್ಟ್ರು ನಗಲಿಲ್ಲ.
ಸೀಮೆಸುಣ್ಣ ಕಿವಿಗೆ ಸಿಕ್ಕಿಸಿ
‘ನಡಿ ಹಂಗಾರೆ. ಎಲ್ಲಿಗೆ ಹೋಗ್ತೀ ಹೇಳು’ ಅಂದರು.

ಎಲ್ಲಿಗೆ? ಭಟ್ಟಿಗೆ, ಅಪ್ಪನ ಬುತ್ತಿ ಹಿಡಿದು.
ದಾವಣಗೆರೆಯ ಆ ಮಗ್ಗುಲಿಗೆ ಬೆಳಗಾಗುವುದೇ ಹೊಗೆಯಿಂದ.
ಕಾದ ಮರಳಿಗೆ ಒಂದು ಹಿಡಿ ಉಪ್ಪಕ್ಕಿ ಬಿದ್ದರೆ
ಹತ್ತು ಎಣಿಸುವುದರೊಳಗೆ ಜರಡಿ ತುಂಬ ಮಂಡಕ್ಕಿ.
ಆವರಣ ಬಿಡಿಸಿ ವಿಸ್ತರಿಸಿ ಅಂದರೆ ಇದೇ ಅಂತ
ಮೊದಲೇ ಯಾರಾದರೂ ಹೇಳಬಾರದಿತ್ತೆ!

ಮನೆಯಿಂದ ಮೂಡಲಿಗೆ ಎರಡು ಮೂಲೆ, ತೆಂಕಲಿಗೆ ಎರಡು.
ಮೂಡಲು ಎ, ತೆಂಕಲು ಬಿ,
ಬೋರ್ಡಿನ ಮೇಲೆ ನಮ್ಮ ಓಣಿಗಳು ಬಂದು ಕೂತವು.
ಎಷ್ಟು ದಾರಿ?
ನನಗೆ ಎಣಿಸುವ ಕೆಲಸವಿರಲಿಲ್ಲ, ಕಾಲಿಗೆ ಬಾಯಿಪಾಠ.
ಎಎಬಿಬಿ, ಹತ್ತಿ ಗೋದಾಮಿನ ಗೋಡೆ ಸವರಿಕೊಂಡು.
ಎಬಿಎಬಿ, ನಲ್ಲಿ ಬಿಟ್ಟ ದಿನ, ಕೊಡಗಳನ್ನು ದಾಟಿ.
ಎಬಿಬಿಎ, ಒಕ್ಕಣ್ಣಿನ ನಾಯಿ ಮಲಗಿದ್ದರೆ ಮಾತ್ರ.
ಬಿಎಬಿಎ, ಬಿಸಿಲಿಗೆ ಹೆದರಿ ನೆರಳಿಂದ ನೆರಳಿಗೆ.
ಬಿಬಿಎಎ, ಯಾಕೆಂದು ಗೊತ್ತಿಲ್ಲ, ಹಬ್ಬದ ದಿನ.
ಇನ್ನೊಂದನ್ನು ಹೇಳಲಿಲ್ಲ. ಆದರೆ ಎಣಿಕೆಗೆ ಸೇರಿಸಿದೆ.

‘ಆರು’ ಅಂದೆ.
‘ಒಂದು ಮೂಲೆಗೆ ಬರೋದು ಬಡಗಲಿಂದ, ಇಲ್ಲ ಪಡುವಲಿಂದ.
ಅಲ್ಲಿಗೆ ಎಷ್ಟು, ಇಲ್ಲಿಗೆ ಎಷ್ಟು, ಕೂಡ್ಸು, ಮುಗೀತು.’
ಒಂದು. ಒಂದು ಒಂದು. ಒಂದು ಎರಡು ಒಂದು.
ಬೋರ್ಡಿನ ತಳ ಮುಟ್ಟುವಷ್ಟರಲ್ಲಿ ಒಂದು ನಾಲ್ಕು ಆರು ನಾಲ್ಕು ಒಂದು.
ಆಮೇಲೆ ಆ ಆರನ್ನೂ ಒರೆಸಿ ಬರೆದರು, ಎ ವರ್ಗ ಬಿ ವರ್ಗ.
ಗುಣಾಕಾರಕ್ಕೆ ಹಿಂದುಮುಂದು ಇಲ್ಲ,
ಎಲ್ಲಿ ಹೊರಳಿದೆ, ಯಾಕೆ ಹೊರಳಿದೆ, ಕೇಳುವುದಿಲ್ಲ,
ಎಷ್ಟು ಸಲ ಅನ್ನುವುದೊಂದನ್ನು ಹಣೆಗೆ ಹಚ್ಚಿಕೊಂಡಿರುತ್ತದೆ.
ಅದಕ್ಕೆ ಸಹಗುಣಕ ಅಂತ ಹೆಸರು.

ಎರಡು ಎಕ್ಸ್ ಕಳೆ ಮೂರು, ಇಡಿಯದರ ನಾಲ್ಕನೆಯ ಘಾತ.
ಎಕ್ಸ್ ವರ್ಗದ ಸಹಗುಣಕ ಕೇಳಿದರು.
ಆರು ಇಟ್ಟೆ, ಮೂರರ ವರ್ಗ ಇಟ್ಟೆ,
ಎರಡಕ್ಕೆ ವರ್ಗ ಮರೆತು ನೂರಾ ಎಂಟು ಬಂತು.
‘ಜಪ ಮಾಡ್ತಿದೀಯೇನೇ? ಇನ್ನೊಂದು ಸುತ್ತು ಎಣಿಸು’ ಅಂದರು.
ಇನ್ನೂರ ಹದಿನಾರು. ಈಗಲೂ ಮರೆತಿಲ್ಲ.

ಹೇಳದೆ ಉಳಿದದ್ದು ಬಿಎಎಬಿ.
ನಡುವಿನ ಓಣಿಯನ್ನು ಇಡಿಯಾಗಿ ನಡೆಯುವ ದಾರಿ ಅದೊಂದೇ.
ಈ ತುದಿಗೆ ಜೈಬುನ್ನಿಸಾಳ ಮನೆ,
ಆ ತುದಿಗೆ ಅವಳ ಹೊಲಿಗೆ ಕ್ಲಾಸು,
ನಡುವೆ ಎರಡು ಮೂಲೆಯಷ್ಟು ನಾವು.
ಕಾಲೇಜು ಬಿಡಿಸಿದ ಮೇಲೂ ನನ್ನ ನೋಟುಬುಕ್ಕು ಇಸಿದುಕೊಂಡು
ನಡೆಯುತ್ತಲೇ ಓದುವಳು.
‘ನಾಲ್ಕರಲ್ಲಿ ಸೊನ್ನೆ ಆರಿಸೋಕೆ ಒಂದು ದಾರಿ ಅಂತ ಬರೆದೀಯಲ್ಲೇ,
ಏನೂ ಆರಿಸ್ದೆ ಇರೋದೂ ಒಂದು ದಾರೀನಾ?’
‘ಹ್ಞೂಂ. ಲೆಕ್ಕಕ್ಕೆ ಅದೂ ಒಂದು.’
ದುಪಟ್ಟಾ ಬಾಯಿಗೆ ಒತ್ತಿಕೊಂಡು ನಕ್ಕಳು.
ಮಾರ್ಚಿಯಲ್ಲಿ ಹರಿಹರಕ್ಕೆ ಕೊಟ್ಟರು.
ಆಮೇಲೆ ಭಟ್ಟಿಗೆ ಐದೇ ದಾರಿ.

ಇಪ್ಪತ್ತಾರು ವರ್ಷ. ಈಗ ನಾನು ಕೆಂಪು ಶಾಯಿಯವಳು.
ಮೊದಲ ಪಿಯುಸಿ, ಕಟ್ಟಿನೊಳಗಿನ ಯಾವುದೋ ಒಂದು ಉತ್ತರಪತ್ರಿಕೆ.
ಹೆಸರಿಲ್ಲ, ನಂಬರು.
ಎ ಕೂಡು ಬಿ, ನಾಲ್ಕನೆಯ ಘಾತ. ಸೂತ್ರ ಬರೆದಿಲ್ಲ,
ಹದಿನಾರನ್ನೂ ಒಂದೊಂದಾಗಿ ಕೈಯಾರೆ ಬಿಡಿಸಿಟ್ಟಿದೆ ಕೂಸು,
ಅಕ್ಕಿಯಲ್ಲಿ ಕಲ್ಲು ಆರಿಸಿದ ಹಾಗೆ.
ನಡುವೆ ಆರು, ಉತ್ತರ ಸರಿ.
ಬೆರಳಿಟ್ಟು ಎಣಿಸಿದರೆ ಎಬಿಬಿಎ ಎರಡು ಸಲ ಬಂದಿದೆ.
ಬಿಎಎಬಿ ಇಲ್ಲ.

ಸೂತ್ರಕ್ಕೆ ಒಂದು ಅಂಕ ಅನ್ನುತ್ತದೆ ಮಾದರಿ ಉತ್ತರ.
‘ಇನ್ನೂ ಅದೇ ಪೇಪರಾ ಮೇಡಂ?’
ಪಕ್ಕದ ಮೇಜಿನ ಚಂದ್ರಮೌಳಿ, ಚಹಾ ಬಂದಿದೆ.
ಪೂರ್ತಿ ಅಂಕ ಹಾಕಿದೆ.
ಅಂಚಿನಲ್ಲಿ, ಒಂದಕ್ಕೊಂದು ತಾಗದ ಹಾಗೆ ಬರೆದೆ
ಬಿ
ಎ
ಎ
ಬಿ.
ಚಹಾ ತಣ್ಣಗಾಗಿತ್ತು.